14ನೇ ಸುತ್ತನ್ನು ಮರೆತಿರಾ?

ಅಮೆರಿಕದ ಬಾಕ್ಸರ್ ಶುಗರ್ ರೇ ಲಿಯೊನಾರ್ಡ್ ಅವರ ದೊಡ್ಡ ಗೆಲುವು 1987ರಲ್ಲಿ ಬಾಕ್ಸರ್ ಮಾರ್ವಿನ್ ಹ್ಯಾಗ್ಲರ್ ಎದುರು ಬಂದದ್ದು ಅಂತ ನಿಮ್ಮ ಲೇಖನದಲ್ಲಿ ಬರೆದಿದ್ದೀರಿ. ನಾನು ಒಪ್ಪುವುದಿಲ್ಲ. ಅದು ಹೆಚ್ಚು ತೂಕದ ಮಿಡಲ್‌ವೇಟ್ ವರ್ಗದ ಪಂದ್ಯ, ತೀರ್ಪುಗಾರರಲ್ಲೇ ಒಮ್ಮತ ಇರಲಿಲ್ಲ. ಲಿಯೊನಾರ್ಡ್ ಮಿಂಚಿದ್ದು ವೆಲ್ಟರ್‌ವೇಟ್‌ನಲ್ಲಿ, ಅಂದ್ರೆ 147 ಪೌಂಡ್ ಒಳಗಿನ ತೂಕದ ವರ್ಗದಲ್ಲಿ. 1981ರ ಸೆಪ್ಟೆಂಬರ್‌ನಲ್ಲಿ ಲಾಸ್ ವೇಗಸ್‌ನಲ್ಲಿ ಥಾಮಸ್ ಹರ್ನ್ಸ್ ಜೊತೆ ನಡೆದ ಪಂದ್ಯ ಒಮ್ಮೆ ನೋಡಿ. ಲಿಯೊನಾರ್ಡ್ ಅವರ ಎಡಗಣ್ಣು ಊದಿಕೊಂಡಿತ್ತು, ಮೂವರು ತೀರ್ಪುಗಾರರ ಲೆಕ್ಕದಲ್ಲೂ ಹಿಂದೆ ಬಿದ್ದಿದ್ದರು, ಉದ್ದ ತೋಳಿನ ಹರ್ನ್ಸ್ ದೂರದಿಂದಲೇ ಜ್ಯಾಬ್ (ಮುಂದಿನ ಕೈಯ ನೇರ ಚುರುಕು ಗುದ್ದು) ಹೊಡೆಯುತ್ತಿದ್ದರು, ಆದರೂ ಲಿಯೊನಾರ್ಡ್ 13ನೇ ಸುತ್ತಿನಲ್ಲಿ ಮೈಮೇಲೆ ನುಗ್ಗಿ 14ರಲ್ಲಿ ಪಂದ್ಯವನ್ನೇ ಮುಗಿಸಿಬಿಟ್ಟರು. ಎಂಥ ಎದೆಗಾರಿಕೆ ಅಲ್ವಾ! ಮರುವರ್ಷ ಅದೇ ಎಡಗಣ್ಣಿನ ರೆಟಿನಾ ಕಳಚಿ ಶಸ್ತ್ರಚಿಕಿತ್ಸೆ ಆಯಿತು. ಆಮೇಲೆ ಮರಳಿ ಬಂದರೂ, ಆಗ 26ನೇ ವಯಸ್ಸಿಗೇ ನಿವೃತ್ತಿ ಅಂದುಬಿಟ್ಟರು. ಆ ವಯಸ್ಸಿಗೆ ಅದೆಷ್ಟು ಕಷ್ಟದ ಮಾತು! ಅದರ ಬಗ್ಗೆ ನೀವು ಒಂದು ಸಾಲಾದರೂ ಬರೆಯಬೇಕಿತ್ತು.