ಪಿಸುಗುಟ್ಟಿದರೆ ಫೌಲ್

ನನ್ನ ಬಲ ಮೊಣಕಾಲ ಮೇಲೊಂದು ಕಲೆ ಇದೆ. ಎಂಟನೇ ಕ್ಲಾಸಿನಲ್ಲಿ ಖೋ ಖೋ ಆಡುವಾಗ ಕಂಬದ ಹತ್ತಿರ ಬಿದ್ದದ್ದು. ಅವತ್ತು ಅವ್ವ ಗಾಯಕ್ಕೆ ಅರಿಶಿನ ಒತ್ತುತ್ತಾ, "ದೊಡ್ಡಾಕಿ ಆಗೀದಿ, ಇನ್ನ ಸಾಕ್ ಮಾಡು" ಅಂದಳು. ಅಲ್ಲಿಗೆ ನನ್ನ ಆಟ ಮುಗಿಯಿತು. ಜಗಳ ಮಾಡಬಹುದು ಅಂತ ಹೊಳೆಯಲೂ ಇಲ್ಲ.

ಈಗ ತಮ್ಮನ ಮಗಳು ಆಡುತ್ತಾಳೆ. ಒಂಬತ್ತನೇ ಕ್ಲಾಸು. ಕಳೆದ ವಾರ ವಿಜಯಪುರಕ್ಕೆ ಹೋದಾಗ ಅವಳ ಪ್ರಾಕ್ಟೀಸ್ ನೋಡುತ್ತಾ ಕೂತಿದ್ದೆ. ಖೋ ಖೋದಲ್ಲಿ ಕೂತವಳ ಬೆನ್ನು ಮುಟ್ಟಿದರಷ್ಟೇ ಸಾಲದು, "ಖೋ" ಅಂತ ಕೇಳಿಸುವ ಹಾಗೆ ಕೂಗಬೇಕು. ಇಲ್ಲದಿದ್ದರೆ ಫೌಲ್. ಹೊಸದಾಗಿ ಸೇರಿದ ಹುಡುಗಿಯೊಬ್ಬಳು ಬೆನ್ನು ಮುಟ್ಟಿ ಪಿಸುಗುಟ್ಟುತ್ತಿದ್ದಳು. ಪಿಟಿ ಮೇಡಂ ಸೀಟಿ ಊದಿ ನಿಲ್ಲಿಸಿದರು. "ಪಿಸುಮಾತು ಗೋಳಗುಮ್ಮಟದಾಗ ನಡೀತೈತಿ, ಇಲ್ಲಿ ನಡಿಯಂಗಿಲ್ಲವಾ!"

ಮನೆಯಲ್ಲಿ ಮೆಲ್ಲಗೆ ಮಾತಾಡು, ಮೆಲ್ಲಗೆ ನಗು. ಇಲ್ಲಿ ಮೆಲ್ಲಗೆ ಅಂದರೆ ತಪ್ಪು. ನಗು ಬಂತು ನನಗೆ.

ಆಟದಿಂದ ಆತ್ಮವಿಶ್ವಾಸ ಬರುತ್ತೆ ಅಂತ ಭಾಷಣಗಳಲ್ಲಿ ಹೇಳುತ್ತಾರೆ. ಆ ಪದ ಕೇಳಿ ಕೇಳಿ ಸವೆದಿದೆ. ನಾನು ಕಣ್ಣಾರೆ ಕಂಡದ್ದು ಹೇಳ್ತೀನಿ. ವಾಪಸ್ ಬರುವಾಗ ಬಸ್ಸಿನಲ್ಲಿ ಒಬ್ಬ ಸುಮ್ನೆ ಮೈಮೇಲೆ ಒರಗುತ್ತಿದ್ದ. "ಅಣ್ಣಾರ, ಸರದ್ ನಿಲ್ರಿ" ಅಂದಳು ತಮ್ಮನ ಮಗಳು. ಇಡೀ ಬಸ್ಸಿಗೆ ಕೇಳಿಸಿತು. ನಲವತ್ತು ದಾಟಿದರೂ ನನಗೆ ಆ ದನಿ ಬಂದಿಲ್ಲ.

ಮೂಳೆ ಗಟ್ಟಿಯಾಗುವುದು ಜಾಸ್ತಿ ಈ ವಯಸ್ಸಿನಲ್ಲೇ. 5ರಿಂದ 17 ವರ್ಷದವರು ದಿನಕ್ಕೆ ಸರಾಸರಿ 60 ನಿಮಿಷವಾದರೂ ಮೈ ದಣಿಸಬೇಕು ಅನ್ನುತ್ತದೆ ವಿಶ್ವ ಆರೋಗ್ಯ ಸಂಸ್ಥೆ. ಅದರ 2019ರ ಅಧ್ಯಯನದ ಪ್ರಕಾರ ಜಗತ್ತಿನಲ್ಲಿ 11ರಿಂದ 17ರ ಹುಡುಗಿಯರಲ್ಲಿ ಶೇ 85 ಮಂದಿಗೆ ಇಷ್ಟೂ ಆಗುತ್ತಿಲ್ಲ. ಹುಡುಗರದ್ದೂ ಶೇ 78, ಅವರೇನು ಮಹಾ ಅಲ್ಲ ಬಿಡಿ. ಆದರೆ ಹುಡುಗಿಯರ ಕಾರಣಗಳೇ ಬೇರೆ. ಆ ಮೈದಾನದಲ್ಲಿ ಶೌಚಾಲಯಕ್ಕೆ ಬೀಗ. ಅದಕ್ಕೇ ಈ ಮಕ್ಕಳು ಮಧ್ಯಾಹ್ನದಿಂದಲೇ ನೀರು ಕುಡಿಯುವುದಿಲ್ಲ. ನಮ್ಮೂರ ಬಿಸಿಲು ಗೊತ್ತಲ್ವಾ? ಮುಟ್ಟಿನ ದಿನಗಳಲ್ಲಂತೂ ಅರ್ಧ ತಂಡ ಬರುವುದೇ ಇಲ್ಲ.

"ಹುಡಿಗ್ಯಾರು ಆಡಿ ಏನ್ ಸಾಧಸ್ತಾರ?" ಅಂತ ಪರಿಚಯದವರೊಬ್ಬರು ಕೇಳಿದರು. ನಮ್ಮೂರ ರಾಜೇಶ್ವರಿ ಗಾಯಕವಾಡ್ 2017ರ ವಿಶ್ವಕಪ್‌ನಲ್ಲಿ 15 ರನ್ನಿಗೆ 5 ವಿಕೆಟ್ ಕಿತ್ತು ನ್ಯೂಜಿಲೆಂಡನ್ನು 79ಕ್ಕೆ ಮುಗಿಸಿದ್ದು ಬಾಯಿಗೆ ಬಂತು. ಹೇಳಲಿಲ್ಲ. ವಿಕೆಟ್ ಕಿತ್ತವರಿಗೆ ಮಾತ್ರ ಮೈದಾನವಾ? ಸುಮ್ನೆ ಸಂಜೆ ಒಂದು ತಾಸು ಓಡಬೇಕು ಅನ್ನುವವರಿಗೆ ಇಲ್ಲವಾ?

ಅವತ್ತು ಮನೆಗೆ ಬಂದಾಗ ಹುಡುಗಿಯ ಮೊಣಕಾಲೂ ತರಚಿತ್ತು. ಅವ್ವನೇ ಅರಿಶಿನ ತಂದಳು. ಆಟ ಬಿಡು ಅನ್ನಲಿಲ್ಲ. "ಚಡ್ಡಿ ಮ್ಯಾಲೆ ಓಣ್ಯಾಗಿಂದ ಬರಬ್ಯಾಡ, ಪ್ಯಾಂಟ್ ಏರಿಸ್ಕೊಂಡು ಬಾ" ಅಂತ ಗೊಣಗಿದಳು.

"ಆಯಿ, ಕೇಳಸಲಿಲ್ಲ, ಜೋರಾಗಿ ಹೇಳು" ಅಂದಳು ಹುಡುಗಿ.