ಐದು ಬಗೆ ಹಣ್ಣು, ಒಂದು ಜುಟ್ಟಿನ ಕಾಯಿ

ವರಮಹಾಲಕ್ಷ್ಮಿ ಹಬ್ಬದ ಹಿಂದಿನ ಸಂಜೆ ಮಾರ್ಕೆಟ್ಟಿಗೆ ಹೋಗೋನಿಗೆ ಧೈರ್ಯ ಬೇಕು, ಅದಕ್ಕಿಂತ ಹೆಚ್ಚಾಗಿ ದುಡ್ಡು ಬೇಕು. ಹೆಂಡತಿ ಕೊಟ್ಟ ಚೀಟಿಯಲ್ಲಿದ್ದದ್ದು ಎರಡೇ ಸಾಲು: ಐದು ಬಗೆ ಹಣ್ಣು, ಜುಟ್ಟಿರೋ ಕಾಯಿ ಒಂದು. ಏಲಕ್ಕಿ ಬಾಳೆಯ ರೇಟು ಕೇಳಿ ಅರ್ಧ ಕೆಜಿಗೆ ಇಳಿದೆ. ಸೇಬು ಎರಡೇ ಸಾಕು ಅಂದೆ. ದಾಳಿಂಬೆಯವನು ರೇಟು ಹೇಳಿದ ಕ್ಷಣ ಮಾತ್ರ, ಹಿಂದಿನ ವಾರ ಮಗಳಿಗೆ ಪಿಯುಸಿ ಜೀವಶಾಸ್ತ್ರ ಓದಿಸಿದ್ದು ನೆನಪಾಯಿತು. ಹೂವಿನ ಅಂಡಾಶಯ ಬಲಿತರೆ ಅದು ಹಣ್ಣು. ಸಿಹಿಯಾಗಿರಬೇಕು ಅಂತ ಎಲ್ಲೂ ಬರೆದಿಲ್ಲ. ಪಕ್ಕದ ಗಾಡಿಯಲ್ಲೇ ಟೊಮೆಟೊ, ಸೌತೆ, ಗುಂಡು ಬದನೆ ಇದ್ದವು. ಐದು ಭರ್ತಿಯಾಯಿತು.

ಮನೆಯಲ್ಲಿ ಚೀಲ ಸುರಿದಾಗ ಬದನೆಕಾಯೊಂದು ಉರುಳಿ ಹೋಗಿ ಕಳಶದ ಚೊಂಬಿಗೆ ಟಣ್ ಅಂತ ಬಡಿಯಿತು.

“ರೀ, ಇದೇನು? ದೇವಿಗೆ ವಾಂಗೀಬಾತಾ?”

“ಸಸ್ಯಶಾಸ್ತ್ರದಲ್ಲಿ ಬದನೆ, ಟೊಮೆಟೊ, ಬಾಳೆ ಮೂರೂ ಬೆರ್ರಿ. ನೀನು ಸುಮ್ಮನೆ ಎತ್ತಿಟ್ಟುಕೊಂಡ ಸೇಬೇ ಹುಸಿಹಣ್ಣು. ನಾವು ತಿನ್ನೋದು ಬಹುಪಾಲು ಹೂವಿನ ಪೀಠ ಉಬ್ಬಿದ್ದು.”

“ಹಾಗಾದ್ರೆ ನಾಳೆ ಅರಿಸಿನ ಕುಂಕುಮಕ್ಕೆ ಬಂದೋರಿಗೆ ತಾಂಬೂಲದ ಜೊತೆ ಬದನೆಕಾಯಿ ನೀವೇ ಕೊಡಿ.”

ಕನ್ನಡವೂ ನನ್ನ ಕೈಹಿಡಿಯಲಿಲ್ಲ. ಹುಣಸೆಹಣ್ಣು, ಟೊಮೆಟೊ ಹಣ್ಣು ಅಂತೀವಿ, ಹಾಕೋದು ಸಾರಿಗೆ. ಬ್ಯಾಡಗಿ ಮೆಣಸಿನಕಾಯಿ ಗಿಡದಲ್ಲಿ ಕೆಂಪಗೆ ಹಣ್ಣಾಗಿ, ಒಣಗಿ, ಖಾರದಪುಡಿ ಆಗೋ ತನಕ ಕಾಯಿಯೇ. ಮಂಗಳೂರು ಕಡೆ ಅನಾನಸ್ ಹಣ್ಣಲ್ಲಿ ಮಾಡೋ ಮೇಲೋಗರದ ಹೆಸರು ‘ಮೆಣಸ್ಕಾಯಿ’. ನ್ಯಾಯ ಯಾರ ಹತ್ತಿರ ಕೇಳೋದು?

“ನ್ಯಾಯ ಆಗಲೇ ಸಿಕ್ಕಿದೆ ಅಪ್ಪಾ” ಅಂದಳು ಮಗಳು, ಮೊಬೈಲಿನಿಂದ ತಲೆ ಎತ್ತದೆ. ಅಮೆರಿಕದಲ್ಲಿ ಆಗ ಆಮದು ತರಕಾರಿಗೆ ಶೇ. 10 ಸುಂಕ, ತಾಜಾ ಹಣ್ಣಿಗೆ ಇಲ್ಲ. ನ್ಯೂಯಾರ್ಕಿನಲ್ಲಿ ನಿಕ್ಸ್ ಅನ್ನೋ ವ್ಯಾಪಾರಿಗಳು, ಟೊಮೆಟೊ ಹಣ್ಣು, ಕಟ್ಟಿದ ಸುಂಕ ವಾಪಸ್ ಕೊಡಿ ಅಂತ ಕೋರ್ಟಿಗೆ ಹೋದರಂತೆ. ಕೋರ್ಟಿನಲ್ಲಿ ನಿಘಂಟುಗಳನ್ನೇ ತೆಗೆದು ಓದಿದರಂತೆ. 1893ರಲ್ಲಿ ಸುಪ್ರೀಂ ಕೋರ್ಟು, ಸಸ್ಯಶಾಸ್ತ್ರಕ್ಕೆ ಅದು ಹಣ್ಣೇ ಇರಬಹುದು, ಜನ ಅದನ್ನು ತಿನ್ನೋದು ಊಟದ ಜೊತೆಗೆ, ಊಟದ ಕೊನೆಯ ಸಿಹಿಯಾಗಿ ಅಲ್ಲ, ಹಾಗಾಗಿ ತರಕಾರಿ ಅಂದುಬಿಟ್ಟಿತು.

“ಅವರೂ ದುಡ್ಡು ಉಳಿಸೋಕೇ ಸಸ್ಯಶಾಸ್ತ್ರ ಹಿಡ್ಕೊಂಡಿದ್ದು.” ಓದಿಸಿದ್ದಕ್ಕೆ ಸಿಕ್ಕ ಫಲ.

ಅಷ್ಟರಲ್ಲಿ ಅಮ್ಮ ಚೀಲವನ್ನು ಮಗುಚಿ ಕೊಡವಿದಳು. “ಕಾಯಿ ಎಲ್ಲೋ?”

ತಂದಿರಲಿಲ್ಲ. ಬಲಿತ ತೆಂಗಿನಕಾಯಿಯೂ ಸಸ್ಯಶಾಸ್ತ್ರದಲ್ಲಿ ಹಣ್ಣೇ ಅನ್ನೋ ಮಾತು ಗಂಟಲ ತನಕ ಬಂತು. ನುಂಗಿಕೊಂಡು ಚಪ್ಪಲಿ ಮೆಟ್ಟಿದೆ. ಅಷ್ಟು ಹೊತ್ತಿಗೆ ದಾಳಿಂಬೆ ಇಪ್ಪತ್ತು ರೂಪಾಯಿ ಜಾಸ್ತಿಯಾಗಿತ್ತು.