ಒಬ್ಬ ಮಾಲೀಕರ ದಾವೆಯೂ ನಡೆಯುತ್ತದೆ
ಮನೆಗೆ ಇಬ್ಬರು ಮಾಲೀಕರಿದ್ದರೆ ಇಬ್ಬರೂ ಸಹಿ ಹಾಕದೆ ಬಾಡಿಗೆದಾರರನ್ನು ಬಿಡಿಸಲಾಗದು ಎಂದು ಬಾಡಿಗೆ ಮನೆಗಳ ಕುರಿತ ಲೇಖನವೊಂದರಲ್ಲಿದೆ. ಇದನ್ನು ನಾನು ಒಪ್ಪುವುದಿಲ್ಲ. ಸಹಮಾಲೀಕರಲ್ಲಿ ಒಬ್ಬರೇ ತೆರವಿನ ದಾವೆ ಹೂಡಬಹುದು ಎಂದು ನಮ್ಮ ಸುಪ್ರೀಂ ಕೋರ್ಟ್ 1976ರಲ್ಲಿಯೇ ಹೇಳಿದೆ. ತೊಡಕು ಬರುವುದು ಉಳಿದವರು ಆಕ್ಷೇಪಿಸಿದಾಗ. ಉದಾಹರಣೆಗೆ, ಅಣ್ಣತಮ್ಮಂದಿರು ಸಹಮಾಲೀಕರು ಎನ್ನಿ. ಮನೆ ಬಿಡುವಂತೆ ಅಣ್ಣ ನೋಟಿಸ್ ಕೊಟ್ಟಿರುತ್ತಾನೆ; ಅದರ ಅವಧಿ ಮುಗಿದ ಮೇಲೂ ತಮ್ಮ ಬಾಡಿಗೆ ಪಡೆದು, ರಸೀದಿ ಬರೆದು, 'ನೀವು ಇರಿ' ಎನ್ನುತ್ತಾನೆ. ನೋಟಿಸನ್ನು ಕೈಬಿಟ್ಟಿದ್ದಾರೆ ಎಂದು ವಾದಿಸಲು ಆ ಒಂದು ರಸೀದಿಯೇ ದಾರಿ ಮಾಡಿಕೊಡುತ್ತದೆ! ಅಣ್ಣತಮ್ಮಂದಿರ ಜಗಳದಲ್ಲಿ ನಲುಗುವವರು ಮಾತ್ರ ಬಾಡಿಗೆದಾರರು. ಅವರಿಗೆ ನನ್ನ ಕಳಕಳಿಯ ಮಾತು: ನೀವಾಗಿಯೇ ಮನೆ ಬಿಡುವುದಾದರೆ ಕರಾರಿನಲ್ಲಿ ಹೆಸರಿರುವ ಪ್ರತಿಯೊಬ್ಬ ಮಾಲೀಕರಿಗೂ ಲಿಖಿತವಾಗಿ ತಿಳಿಸಿ. ಮುಂಗಡ ಹಣವನ್ನು ಯಾರು ಹಿಂದಿರುಗಿಸುತ್ತಾರೆ ಎಂಬುದನ್ನು ಕೀಲಿಕೈ ಒಪ್ಪಿಸುವ ಮೊದಲೇ ಬರೆಸಿಕೊಳ್ಳಿ.